ಎಸೆದದ್ದು ಎಲೆಗೆ ಬಂದ ಕಥೆ

ಇಡ್ಲಿಗೂ ಕನ್ನಡಕ್ಕೂ ನಂಟು ಬಹಳ ಹಳೆಯದು. ಹತ್ತನೆಯ ಶತಮಾನದ 'ವಡ್ಡಾರಾಧನೆ'ಯಲ್ಲಿಯೇ 'ಇಡ್ಡಲಿಗೆ'ಯ ಹೆಸರು ಬಂದಿದೆ. ಅಂದಿನ ಇಡ್ಡಲಿಗೆಯೂ ಇಂದಿನ ಇಡ್ಲಿಯೂ ರುಚಿಯಲ್ಲಿ ಒಂದೇ ಆಗಿರಲಾರವು. ಆದರೆ ಹೆಸರು ಮಾತ್ರ ಸಾವಿರ ವರ್ಷ ಬಾಳಿ ನಮ್ಮವರೆಗೆ ಬಂದಿದೆ. ಇಂಥ ಇಡ್ಲಿ ೨೦೨೫ನೆಯ ಇಸವಿಯ ಫೆಬ್ರವರಿ ತಿಂಗಳಲ್ಲಿ ಒಂದು ವಿಚಿತ್ರವಾದ ಕಾರಣಕ್ಕಾಗಿ ಪತ್ರಿಕೆಗಳಲ್ಲಿ ಸುದ್ದಿಯಾಯಿತು. ಕರ್ನಾಟಕದ ಆಹಾರ ಸುರಕ್ಷತೆಯ ಅಧಿಕಾರಿಗಳು ಸುಮಾರು ೨೫೦ ಹೋಟೆಲು, ತಿಂಡಿಯಂಗಡಿಗಳ ತಪಾಸಣೆ ನಡೆಸಿದಾಗ, ೫೦ಕ್ಕೂ ಹೆಚ್ಚು ಕಡೆ ಇಡ್ಲಿಯ ತಟ್ಟೆಗೆ ಬಟ್ಟೆಯ ಬದಲು ಪ್ಲಾಸ್ಟಿಕ್ ಹಾಳೆ ಹಾಸಿ, ಅದರ ಮೇಲೆ ಹಿಟ್ಟು ಹೊಯ್ದು ಬೇಯಿಸುತ್ತಿದ್ದುದು ಕಂಡುಬಂದಿತು. ಆರೋಗ್ಯ ಸಚಿವರು ಆ ಪದ್ಧತಿಯನ್ನು ನಿಷೇಧಿಸುವುದಾಗಿ ಸಾರಿದರು. ನಾಲ್ಕು ದಿನ ನಾವೂ ನೀವೂ ಅದನ್ನು ಕುರಿತು ಮಾತನಾಡಿ ಸುಮ್ಮನಾದೆವು.

ನನಗೆ ಆ ಸುದ್ದಿಯಲ್ಲಿ ಕೌತುಕವಾಗಿ ಕಂಡದ್ದು ಬೇರೊಂದು ಅಂಶ. ಬಟ್ಟೆ ಹೋಗಿ ಹಾಳೆ ಏಕೆ ಬಂತು? ಉತ್ತರ ಸರಳವಾದದ್ದು. ಬಟ್ಟೆಯನ್ನು ಒಗೆಯಬೇಕು, ಹಿಂಡಬೇಕು, ಒಣಗಹಾಕಬೇಕು. ಹಾಳೆಯನ್ನಾದರೋ ಎಸೆದರಾಯಿತು. ಈ 'ಎಸೆದರಾಯಿತು' ಎಂಬ ಒಂದು ಮಾತಿಗೆ ಒಂದು ಚರಿತ್ರೆಯಿದೆ. ಅದು ಅನಾದಿಯಿಂದ ಬಂದ ಮಾತಲ್ಲ. ಹುಟ್ಟಿ ಎಪ್ಪತ್ತು ವರ್ಷಗಳಾಗಿವೆ, ಅಷ್ಟೆ. ಎಸೆದದ್ದು ಎಲ್ಲಿಗೆ ಹೋಯಿತು, ಹೋದದ್ದು ಯಾವ ದಾರಿಯಲ್ಲಿ ನಮ್ಮ ಎಲೆಗೂ ಲೋಟಕ್ಕೂ ಮರಳಿ ಬಂದಿತು ಎಂಬುದೇ ಈ ಲೇಖನದ ವಿಷಯ. ನಾನು ವಿಜ್ಞಾನಿಯಲ್ಲ, ಕಾಲೇಜಿನಲ್ಲಿ ಕನ್ನಡ ಪಾಠ ಹೇಳುವವನು. ವಿಜ್ಞಾನಿಗಳು ಕಂಡದ್ದನ್ನು ಕಾಲಾನುಕ್ರಮದಲ್ಲಿ ಜೋಡಿಸಿ ನೋಡುವುದಷ್ಟೇ ನನ್ನ ಕೆಲಸ. ಹಾಗೆ ಜೋಡಿಸಿದಾಗ, ಬಿಡಿಬಿಡಿ ಸುದ್ದಿಗಳಲ್ಲಿ ಕಾಣದ ಒಂದು ಅರ್ಥ ಕಾಣಿಸಿಕೊಳ್ಳುತ್ತದೆಂದು ನನ್ನ ನಂಬಿಕೆ.

ಪ್ಲಾಸ್ಟಿಕ್ಕಿನ ಕಥೆ ಮೊದಲಾಗುವುದು ಎರಡು ಜೀವಿಗಳಿಂದ. ಒಂದು ಆನೆ, ಇನ್ನೊಂದು ಅರಗಿನ ಹುಳು. ಹತ್ತೊಂಬತ್ತನೆಯ ಶತಮಾನದಲ್ಲಿ ಬಿಲಿಯರ್ಡ್ಸ್ ಆಟದ ಚೆಂಡುಗಳನ್ನು ಆನೆಯ ದಂತದಿಂದ ಕಡೆಯುತ್ತಿದ್ದರು. ದಂತ ದುಬಾರಿಯಾಯಿತು. ದಂತದ ಬದಲಿಗೆ ಬೇರೊಂದು ವಸ್ತುವನ್ನು ಕಂಡುಹಿಡಿದವರಿಗೆ ೧೦,೦೦೦ ಡಾಲರ್ ಬಹುಮಾನವೆಂದು ೧೮೬೩ರಲ್ಲಿ ನ್ಯೂಯಾರ್ಕಿನ ವ್ಯಾಪಾರಿಗಳು ಸಾರಿದರು. ಜಾನ್ ವೆಸ್ಲಿ ಹಯಟ್ ಎಂಬ ಅಮೆರಿಕನ್ನನು ಆಮ್ಲದಲ್ಲಿ ಹದಮಾಡಿದ ಹತ್ತಿಯನ್ನು ಕರ್ಪೂರದೊಡನೆ ಬೆರೆಸಿ 'ಸೆಲ್ಯುಲಾಯ್ಡ್' ಎಂಬುದನ್ನು ಮಾಡಿ ೧೮೭೦ರ ಹೊತ್ತಿಗೆ ಅದಕ್ಕೆ ಪೇಟೆಂಟು ಪಡೆದನು. ಬಾಚಣಿಗೆಯಿಂದ ಹಿಡಿದು ಸಿನಿಮಾ ರೀಲಿನವರೆಗೆ ಅದರಿಂದ ಬಂದವು.

ಅರಗಿನ ಕಥೆ ನಮಗೆ ಇನ್ನೂ ಹತ್ತಿರದ್ದು. ಪಾಂಡವರಿಗಾಗಿ ಕಟ್ಟಿಸಿದ ಅರಗಿನ ಮನೆಯನ್ನು ಯಾರು ತಾನೇ ಅರಿಯರು? ಚನ್ನಪಟ್ಟಣದ ಬೊಂಬೆಗಳ ಬಣ್ಣದ ಹೊಳಪು ಇಂದಿಗೂ ಅರಗಿನದೇ. ಮುತ್ತುಗ, ಬೋರೆ ಮುಂತಾದ ಮರಗಳ ರೆಂಬೆಗಳ ಮೇಲೆ ಒಂದು ಬಗೆಯ ಸಣ್ಣ ಹುಳು ಸ್ರವಿಸುವ ಅಂಟು ಇದು. ಇಪ್ಪತ್ತನೆಯ ಶತಮಾನದ ಆದಿಯಲ್ಲಿ ಗ್ರಾಮಾಫೋನ್ ತಟ್ಟೆಗಳಿಗೆ ಅರಗು ಬೇಕಾಗಿತ್ತು. ಹೊಸದಾಗಿ ಬಂದ ವಿದ್ಯುತ್ತಿನ ತಂತಿ, ಯಂತ್ರಗಳಿಗೆ ಹೊದಿಕೆಯಾಗಿಯೂ ಬೇಕಾಗಿತ್ತು. ಜಗತ್ತಿಗೆಲ್ಲ ಅದನ್ನು ಒದಗಿಸುತ್ತಿದ್ದುದು ಬಹುಮಟ್ಟಿಗೆ ಭಾರತ. ಹುಳು ಕೊಡುವ ವೇಗಕ್ಕೂ ಕಾರ್ಖಾನೆ ಬೇಡುವ ವೇಗಕ್ಕೂ ಹೊಂದಾಣಿಕೆಯಾಗಲಿಲ್ಲ. ಬೆಲ್ಜಿಯಂ ದೇಶದಲ್ಲಿ ಹುಟ್ಟಿ ಅಮೆರಿಕದಲ್ಲಿ ನೆಲೆಸಿದ್ದ ಲಿಯೋ ಬೇಕ್‌ಲ್ಯಾಂಡ್ ಎಂಬ ರಸಾಯನಶಾಸ್ತ್ರಜ್ಞನು ಅರಗಿಗೆ ಬದಲಿಯನ್ನು ಹುಡುಕಹೊರಟು ೧೯೦೭ರಲ್ಲಿ ಫೀನಾಲ್ ಮತ್ತು ಫಾರ್ಮಾಲ್ಡಿಹೈಡ್‌ಗಳಿಂದ 'ಬೇಕಲೈಟ್' ಎಂಬ ಹೊಸ ವಸ್ತುವನ್ನೇ ಪಡೆದನು. ಪ್ರಕೃತಿಯಲ್ಲಿ ಎಲ್ಲಿಯೂ ಇಲ್ಲದ, ಪೂರ್ತಿಯಾಗಿ ಮನುಷ್ಯನೇ ಮಾಡಿದ ಮೊದಲ ಪ್ಲಾಸ್ಟಿಕ್ ಇದು. ಸುಡದು, ಕರಗದು, ಕೊಳೆಯದು ಎಂಬುದೇ ಅದರ ಹೆಚ್ಚುಗಾರಿಕೆಯಾಗಿತ್ತು. ನಮ್ಮ ಮನೆಗಳ ಹಳೆಯ ಕಪ್ಪು ಸ್ವಿಚ್ಚುಗಳನ್ನು ಕಂಡವರಿಗೆ ಈ ಮಾತಿನ ಸತ್ಯ ಗೊತ್ತು.

ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಅರಗಿನ ಹುಳುವಿಗೆ ಆಶ್ರಯ ಕೊಡುವ ಮುತ್ತುಗದ ಮರವೇ ನಮಗೆ ಊಟದ ಎಲೆಯನ್ನೂ ಕೊಡುತ್ತಿತ್ತು. ಅರಗು ಬಹುಕಾಲ ಬಾಳಬೇಕಾದ ವಸ್ತುಗಳಿಗೆ. ಎಲೆ ಒಂದು ಹೊತ್ತಿನ ಊಟಕ್ಕೆ. ಒಂದೇ ಮರವಾದರೂ ಎರಡು ಕೆಲಸ, ಎರಡು ಆಯುಸ್ಸು. ಪ್ಲಾಸ್ಟಿಕ್ಕು ಮೊದಲು ಅರಗಿನ ಜಾಗಕ್ಕೆ ಬಂದಿತು. ಅಲ್ಲಿ ಅದು ತಕ್ಕದ್ದೇ ಆಗಿತ್ತು. ಆಮೇಲೆ ಎಲೆಯ ಜಾಗಕ್ಕೂ ಬಂದಿತು. ನಮ್ಮ ತೊಡಕು ಹುಟ್ಟಿದ್ದು ಅಲ್ಲಿ.

ಅದು ಬಂದ ಬಗೆ ಹೀಗೆ. ೧೯೩೩ರ ಮಾರ್ಚಿಯಲ್ಲಿ ಇಂಗ್ಲೆಂಡಿನ ಐ.ಸಿ.ಐ. ಕಂಪನಿಯ ಪ್ರಯೋಗಶಾಲೆಯಲ್ಲಿ ಫಾಸೆಟ್ ಮತ್ತು ಗಿಬ್ಸನ್ ಎಂಬಿಬ್ಬರು ಎಥಿಲೀನ್ ಅನಿಲವನ್ನು ಭಾರಿ ಒತ್ತಡಕ್ಕೆ ಗುರಿಮಾಡಿ ಬೇರೇನನ್ನೋ ಪರೀಕ್ಷಿಸುತ್ತಿದ್ದರು. ಪಾತ್ರೆಯ ತಳದಲ್ಲಿ ಮೇಣದಂಥ ಬಿಳಿಯ ಪದಾರ್ಥವೊಂದು ಉಳಿಯಿತು. ಅದೇ ಪಾಲಿಥೀನ್. ಎರಡನೆಯ ಮಹಾಯುದ್ಧದಲ್ಲಿ ರೇಡಾರ್ ಯಂತ್ರಗಳ ತಂತಿಗಳಿಗೆ ಹೊದಿಕೆಯಾಗಿ ಅದು ಬ್ರಿಟನ್ನಿಗೆ ದೊಡ್ಡ ಉಪಕಾರ ಮಾಡಿತು. ಯುದ್ಧ ಮುಗಿಯಿತು, ಕಾರ್ಖಾನೆಗಳು ಉಳಿದವು. ಯುದ್ಧಕ್ಕಾಗಿ ಮಾಡುತ್ತಿದ್ದುದನ್ನು ಇನ್ನು ಯಾರಿಗೆ ಮಾರುವುದು? ಗಟ್ಟಿಯಾದ ಬುಟ್ಟಿಯನ್ನು ಒಮ್ಮೆ ಕೊಂಡವರು ಹತ್ತು ವರ್ಷ ಅಂಗಡಿಯ ಕಡೆ ಸುಳಿಯುವುದಿಲ್ಲ. ಒಂದು ಸಲ ಬಳಸಿ ಎಸೆಯುವ ವಸ್ತುವಾದರೆ ಗಿರಾಕಿ ನಾಳೆಯೇ ಬರುತ್ತಾನೆ.

ಈ ಆಲೋಚನೆ ಮುಚ್ಚುಮರೆಯಿಲ್ಲದೆ ನಡೆಯಿತು. ೧೯೫೫ರ ಆಗಸ್ಟಿನಲ್ಲಿ ಅಮೆರಿಕದ 'ಲೈಫ್' ಪತ್ರಿಕೆ 'ಎಸೆಯುವ ಬಾಳು' ಎಂಬರ್ಥದ ತಲೆಬರಹದಡಿ ಒಂದು ಚಿತ್ರವನ್ನು ಅಚ್ಚು ಹಾಕಿತು. ಗಂಡ, ಹೆಂಡತಿ, ಮಗು ಮೂವರೂ ಕೈಯೆತ್ತಿ ನಿಂತಿದ್ದಾರೆ. ಸುತ್ತಲೂ ತಟ್ಟೆ, ಲೋಟ, ಚಮಚಗಳು ಹೂಮಳೆಯಂತೆ ಗಾಳಿಯಲ್ಲಿವೆ. ಇವನ್ನೆಲ್ಲ ತೊಳೆಯಲು ಗೃಹಿಣಿಗೆ ನಲವತ್ತು ಗಂಟೆ ಹಿಡಿಯುತ್ತಿತ್ತು, ಇನ್ನು ಆ ತೊಂದರೆಯಿಲ್ಲ ಎಂಬುದು ಅಲ್ಲಿನ ಸಂದೇಶ. ಮರುವರ್ಷ, ೧೯೫೬ರಲ್ಲಿ, ಪ್ಯಾಕಿಂಗ್ ಉದ್ಯಮದ ಪತ್ರಿಕೆಯೊಂದರ ಸಂಪಾದಕ ಲಾಯ್ಡ್ ಸ್ಟೌಫರ್ ಎಂಬುವರು ಪ್ಲಾಸ್ಟಿಕ್ ಉದ್ಯಮಿಗಳ ಸಭೆಯಲ್ಲಿ, ಪ್ಲಾಸ್ಟಿಕ್ಕಿನ ಭವಿಷ್ಯವಿರುವುದು ಕಸದ ತೊಟ್ಟಿಯಲ್ಲಿ ಎಂಬ ಅರ್ಥ ಬರುವಂತೆ ಮಾತನಾಡಿದರು. ೧೯೬೫ರಲ್ಲಿ ಸ್ವೀಡನ್ನಿನ ಒಂದು ಕಂಪನಿಗಾಗಿ ಸ್ಟೆನ್ ಗುಸ್ತಾಫ್ ತುಲಿನ್ ರೂಪಿಸಿದ, ಹಿಡಿಯಿರುವ ಚೀಲಕ್ಕೆ ಪೇಟೆಂಟು ದೊರೆಯಿತು. ಇಂದು ನಾವು 'ಕವರ್' ಎನ್ನುವುದರ ಮೂಲ ಅದು.

ಅಂಕಿಗಳನ್ನೂ ಒಮ್ಮೆ ನೋಡಬೇಕು. ೧೯೫೦ರಲ್ಲಿ ಜಗತ್ತು ವರ್ಷಕ್ಕೆ ಸುಮಾರು ೨೦ ಲಕ್ಷ ಟನ್ ಪ್ಲಾಸ್ಟಿಕ್ ತಯಾರಿಸುತ್ತಿತ್ತು. ಈಗ ಅದು ೪೦ ಕೋಟಿ ಟನ್ನನ್ನು ದಾಟಿದೆ. ೨೦೧೭ರಲ್ಲಿ ಅಮೆರಿಕದ ಮೂವರು ವಿದ್ವಾಂಸರು ಹಾಕಿದ ಲೆಕ್ಕದಂತೆ, ೨೦೧೫ರವರೆಗೆ ಮನುಷ್ಯರು ಮಾಡಿದ ಒಟ್ಟು ಪ್ಲಾಸ್ಟಿಕ್ ೮೩೦ ಕೋಟಿ ಟನ್. ಅದರಲ್ಲಿ ಕಸವಾದದ್ದು ೬೩೦ ಕೋಟಿ ಟನ್. ಈ ಕಸದಲ್ಲಿ ಮರುಬಳಕೆಯಾದದ್ದು ನೂರಕ್ಕೆ ೯ ಪಾಲು, ಸುಟ್ಟದ್ದು ೧೨ ಪಾಲು. ಮಿಕ್ಕ ೭೯ ಪಾಲು ಹೊಂಡಗಳಲ್ಲಿಯೋ ಹೊಲ, ಹೊಳೆ, ಕಡಲುಗಳಲ್ಲಿಯೋ ಇದೆ.

ನಮ್ಮ ನಾಡಿಗೆ ಪ್ಲಾಸ್ಟಿಕ್ಕು ಬಂದದ್ದು ಶತ್ರುವಾಗಿ ಅಲ್ಲ, ನೆಂಟನಾಗಿ. ಭಾರತದಲ್ಲಿ ಪಾಲಿಸ್ಟೈರೀನ್ ತಯಾರಿಕೆ ೧೯೫೭ರಲ್ಲಿ ಮೊದಲಾಯಿತು. ಮುಂದೆ ಬಣ್ಣಬಣ್ಣದ ಪ್ಲಾಸ್ಟಿಕ್ ಕೊಡಗಳು ಬಂದು ಹಿತ್ತಾಳೆ, ತಾಮ್ರದ ಬಿಂದಿಗೆಗಳನ್ನು ಅಟ್ಟಕ್ಕೆ ಕಳಿಸಿದವು. ಇದನ್ನು ಹಳಿಯುವವರು ಒಂದು ಮಾತನ್ನು ಮರೆಯಬಾರದು. ಅರ್ಧ ಮೈಲಿಯ ಆಚೆಯ ಬಾವಿಯಿಂದ ಹಿತ್ತಾಳೆಯ ಕೊಡವನ್ನು ಸೊಂಟದ ಮೇಲೆ ಹೊತ್ತು ತರುತ್ತಿದ್ದವರು ಹೆಂಗಸರು. ಕೊಡ ಹಗುರವಾದದ್ದು ಅವರ ಬದುಕಿನಲ್ಲಿ ಸಣ್ಣ ಸಂಗತಿಯಲ್ಲ. ರಕ್ತದ ಚೀಲ, ಒಮ್ಮೆ ಬಳಸುವ ಸಿರಿಂಜು, ನೀರಿನ ಕೊಳವೆ ಇವುಗಳಿಂದ ಉಳಿದ ಪ್ರಾಣಗಳಿಗೂ ಲೆಕ್ಕವಿಲ್ಲ. ಪ್ಲಾಸ್ಟಿಕ್ಕನ್ನು ರಾಕ್ಷಸನೆಂದು ಚಿತ್ರಿಸುವುದು ಸುಲಭ. ಆದರೆ ಅದು ನ್ಯಾಯವಲ್ಲ.

ಭಾಷೆಯಲ್ಲಿಯೂ ಅದು ಸದ್ದಿಲ್ಲದೆ ಬಂದು ಸೇರಿಕೊಂಡಿತು. ಕರಾವಳಿ, ಮಲೆನಾಡಿನ ಕಡೆ 'ಕೊಟ್ಟೆ' ಎಂಬ ಮಾತಿದೆ. ಹಲಸಿನ ಎಲೆಗಳನ್ನು ಕಡ್ಡಿ ಚುಚ್ಚಿ ದೊನ್ನೆಯಂತೆ ಮಾಡಿ, ಅದರಲ್ಲಿ ಹಿಟ್ಟು ಹೊಯ್ದು ಹಬೆಯಲ್ಲಿ ಬೇಯಿಸಿದರೆ ಕೊಟ್ಟೆ ಕಡುಬು. ಅದೇ ಕಡೆಯ ಜನ ಈಗ ಅಂಗಡಿಯಲ್ಲಿ 'ಒಂದು ಕೊಟ್ಟೆ ಕೊಡಿ' ಎಂದು ಕೇಳುವಾಗ ಅವರ ಮನಸ್ಸಿನಲ್ಲಿರುವುದು ಪ್ಲಾಸ್ಟಿಕ್ ಚೀಲ. ಎಲೆಗಿದ್ದ ಹೆಸರು ಪ್ಲಾಸ್ಟಿಕ್ಕಿಗೆ ದಕ್ಕಿತು. ಹೆಸರಿನ ಜೊತೆಗೆ ಎಲೆಯ ಗುಣವೂ ಅದಕ್ಕೆ ಬಂದಿದೆಯೆಂದು ನಾವು ಭಾವಿಸಿಬಿಟ್ಟೆವು. ತಿಪ್ಪೆಗೆ ಹಾಕಿದರೆ ಎಲೆ ಗೊಬ್ಬರವಾಗುತ್ತದೆ; ಇದೂ ಹಾಗೆಯೇ ಎಲ್ಲಿಯೋ ಇಲ್ಲವಾಗುತ್ತದೆಂದು ತಿಳಿದು ಎಸೆದೆವು.

ಚೂರಾಗುವುದು ಬೇರೆ, ಕೊಳೆಯುವುದು ಬೇರೆ. ಪ್ಲಾಸ್ಟಿಕ್ ಎಂದರೆ ಸಾವಿರಾರು ಅಣುಗುಂಪುಗಳು ಸರಪಳಿಯಂತೆ ಕೊಂಡಿಗೂಡಿದ ಪದಾರ್ಥ. ಇದನ್ನು ೧೯೨೦ರಲ್ಲಿ ಪ್ರತಿಪಾದಿಸಿದ ಜರ್ಮನಿಯ ಹರ್ಮನ್ ಸ್ಟೌಡಿಂಗರ್ ಅವರಿಗೆ ೧೯೫೩ರಲ್ಲಿ ನೊಬೆಲ್ ಬಹುಮಾನ ಬಂದಿತು. ಎಲೆಯ ಸರಪಳಿಗಳನ್ನು ಕಡಿದು ತಿನ್ನಬಲ್ಲ ಸೂಕ್ಷ್ಮಜೀವಿಗಳು ಮಣ್ಣಿನಲ್ಲಿ ಕೋಟ್ಯಂತರ ವರ್ಷಗಳಿಂದ ಇವೆ. ಪ್ಲಾಸ್ಟಿಕ್ಕಿನ ಸರಪಳಿಗಳಾದರೋ ಅವುಗಳಿಗೆ ಹೊಸತು. ಅಷ್ಟು ಸುಲಭವಾಗಿ ಹಲ್ಲಿಗೆ ಸಿಕ್ಕುವುದಿಲ್ಲ. ಬಿಸಿಲು ತಾಗಿ, ಅಲೆ ಬಡಿದು, ಚಕ್ರಕ್ಕೆ ಸಿಕ್ಕಿ ತುಂಡಾಗುತ್ತದೆ, ತುಂಡು ಚೂರಾಗುತ್ತದೆ, ಚೂರು ಪುಡಿಯಾಗುತ್ತದೆ. ಆ ಪುಡಿಯೂ ಪ್ಲಾಸ್ಟಿಕ್ಕೇ. ಟೈರು ಸವೆದಾಗ, ಪಾಲಿಯೆಸ್ಟರ್ ಬಟ್ಟೆ ಒಗೆದಾಗ ಬರುವ ಪುಡಿ, ಎಳೆಗಳೂ ಇದೇ ಜಾತಿ. ೫ ಮಿಲಿಮೀಟರಿಗಿಂತ ಸಣ್ಣದಾದವುಗಳಿಗೆ 'ಮೈಕ್ರೋಪ್ಲಾಸ್ಟಿಕ್' ಎಂದು ಹೆಸರು. ಒಂದು ಮಿಲಿಮೀಟರಿನಲ್ಲಿ ಸಾವಿರದ ಒಂದು ಪಾಲಿಗೆ ಮೈಕ್ರಾನ್ ಎನ್ನುತ್ತಾರಷ್ಟೆ. ಅದಕ್ಕಿಂತಲೂ ಸಣ್ಣದಾದರೆ 'ನ್ಯಾನೋಪ್ಲಾಸ್ಟಿಕ್'.

ಈ ಕಣಗಳು ಪತ್ತೆಯಾದ ಕಥೆ ಯಾವ ಪತ್ತೇದಾರಿ ಕಾದಂಬರಿಗೂ ಕಡಮೆಯಿಲ್ಲ. ಬ್ರಿಟನ್ನಿನ ಆಲಿಸ್ಟರ್ ಹಾರ್ಡಿ ಎಂಬ ಪ್ರಾಣಿಶಾಸ್ತ್ರಜ್ಞರು ಮೀನಿಗೆ ಆಹಾರವಾದ ಸೂಕ್ಷ್ಮಜೀವಿಗಳನ್ನು ಅಳೆಯಲೆಂದು ಒಂದು ಉಪಕರಣವನ್ನು ಮಾಡಿದ್ದರು. ಹಡಗಿನ ಹಿಂದೆ ಹಗ್ಗ ಕಟ್ಟಿ ಅದನ್ನು ಎಳೆದೊಯ್ದರೆ, ಒಳಗಿನ ರೇಷ್ಮೆಯ ಪಟ್ಟಿ ನಿಧಾನವಾಗಿ ಸುರುಳಿ ಬಿಚ್ಚುತ್ತ ನೀರನ್ನು ಸೋಸುತ್ತದೆ. ೧೯೩೧ರಿಂದ ಈ ಕೆಲಸ ಕ್ರಮವಾಗಿ ನಡೆದುಬಂದಿದೆ. ಹಳೆಯ ಪಟ್ಟಿಗಳನ್ನು ಜೋಪಾನವಾಗಿ ಇಟ್ಟಿದ್ದಾರೆ. ಪ್ಲಾಸ್ಟಿಕ್ಕಿನ ಯೋಚನೆಯೇ ಇಲ್ಲದೆ ಸಂಗ್ರಹಿಸಿದ ಆ ಪಟ್ಟಿಗಳು ಮುಂದೆ ಸಾಕ್ಷಿ ನುಡಿದವು. ಉಪಕರಣಕ್ಕೆ ಸಿಕ್ಕಿಕೊಂಡ ವಸ್ತುಗಳ ದಿನಚರಿಯಲ್ಲಿ ಮೊದಲ ಪ್ಲಾಸ್ಟಿಕ್ ಎಂದು ದಾಖಲಾದದ್ದು ೧೯೫೭ರಲ್ಲಿ, ಮೀನಿನ ಬಲೆಯ ಹುರಿ. ೧೯೬೫ರಲ್ಲಿ ಐರ್ಲೆಂಡಿನ ವಾಯವ್ಯಕ್ಕೆ ಒಂದು ಪ್ಲಾಸ್ಟಿಕ್ ಚೀಲ. ಹಿಡಿಯುಳ್ಳ ಚೀಲಕ್ಕೆ ಪೇಟೆಂಟು ದೊರೆತ ವರ್ಷವೇ ಕಡಲಿನಲ್ಲಿಯೂ ಚೀಲ ಸಿಕ್ಕಿತು!

೧೯೭೨ರಲ್ಲಿ ಅಮೆರಿಕದ ವುಡ್ಸ್ ಹೋಲ್ ಸಂಸ್ಥೆಯ ಎಡ್ವರ್ಡ್ ಕಾರ್ಪೆಂಟರ್ ಮತ್ತು ಅವರ ಸಹೋದ್ಯೋಗಿ, ಅಟ್ಲಾಂಟಿಕ್ ಸಾಗರದ ನಡುವಣ ಸಾರ್ಗಾಸೋ ಸಮುದ್ರದಲ್ಲಿ ಚದರ ಕಿಲೋಮೀಟರಿಗೆ ಸರಾಸರಿ ೩,೫೦೦ ಪ್ಲಾಸ್ಟಿಕ್ ಚೂರುಗಳು ತೇಲುತ್ತಿವೆಯೆಂದು 'ಸೈನ್ಸ್' ಪತ್ರಿಕೆಯಲ್ಲಿ ಬರೆದರು. ಹೆಚ್ಚು ಮಂದಿ ಕಿವಿಗೊಡಲಿಲ್ಲ. ೨೦೦೪ರಲ್ಲಿ ಇಂಗ್ಲೆಂಡಿನ ಪ್ಲಿಮತ್ತಿನ ರಿಚರ್ಡ್ ಥಾಂಪ್ಸನ್ ಮತ್ತು ಸಂಗಡಿಗರು ಹಾರ್ಡಿಯವರ ಕಾಲದಿಂದ ಬಂದ ಆ ಪಟ್ಟಿಗಳನ್ನು ಬಿಚ್ಚಿ, ೧೯೬೦ರ ದಶಕದಿಂದ ಈಚೆಗೆ ಕಣಗಳು ಏರುತ್ತ ಬಂದುದನ್ನು ತೋರಿಸಿದರು. 'ಮೈಕ್ರೋಪ್ಲಾಸ್ಟಿಕ್' ಎಂಬ ಮಾತು ವಿಜ್ಞಾನದಲ್ಲಿ ಬೇರೂರಿದ್ದು ಆ ಲೇಖನದಿಂದ. ಮೊದಲ ಎಚ್ಚರಿಕೆಗೂ ಎಲ್ಲರೂ ಕೇಳಿಸಿಕೊಂಡ ಎಚ್ಚರಿಕೆಗೂ ಮೂವತ್ತೆರಡು ವರ್ಷಗಳ ಅಂತರ.

ಕಡಲಿನಲ್ಲಿದ್ದದ್ದು ಅಡುಗೆಮನೆಗೆ ಬರಲು ಉಪ್ಪೇ ಹತ್ತಿರದ ದಾರಿ. ಮುಂಬಯಿಯ ಐ.ಐ.ಟಿ.ಯವರು ೨೦೧೮ರಲ್ಲಿ ಭಾರತದ ಸಮುದ್ರದ ಉಪ್ಪನ್ನು ಪರೀಕ್ಷಿಸಿದಾಗ, ಕಿಲೋ ಒಂದಕ್ಕೆ ಸರಾಸರಿ ೫೬ರಿಂದ ೧೦೩ ಕಣಗಳು ಸಿಕ್ಕಿದವು. ಸಾಮಾನ್ಯವಾದ ಮರಳಿನ ಸೋಸುವಿಕೆಯಿಂದಲೇ ಅವುಗಳ ಬಹುಪಾಲನ್ನು ತೆಗೆಯಬಹುದೆಂದೂ ಅವರು ತೋರಿಸಿಕೊಟ್ಟರು. ಅದೇ ವರ್ಷ ನ್ಯೂಯಾರ್ಕಿನ ಫ್ರೆಡೋನಿಯಾದ ವಿಶ್ವವಿದ್ಯಾಲಯದವರು ಭಾರತವೂ ಸೇರಿದಂತೆ ಒಂಬತ್ತು ದೇಶಗಳಿಂದ ೨೫೯ ಬಾಟಲಿ ನೀರನ್ನು ತರಿಸಿ ನೋಡಿದರು. ನೂರಕ್ಕೆ ೯೩ರಲ್ಲಿ ಕಣಗಳಿದ್ದವು. ಮದುವೆಯ ಊಟದಲ್ಲಿ ಬಾಳೆಯೆಲೆಯ ತುದಿಗೆ ಲೋಟದ ಬದಲು ಪುಟ್ಟ ಬಾಟಲಿ ಇಡುವುದು ಈಗ ನಮ್ಮಲ್ಲಿ ಮರ್ಯಾದೆಯ ಗುರುತು. ಶುದ್ಧವೆಂದು ನಾವು ಹಣ ತೆತ್ತು ಕೊಂಡದ್ದು ಬಾಟಲಿಯನ್ನು; ಕಣ ಬರುವುದೂ ಬಹುಮಟ್ಟಿಗೆ ಬಾಟಲಿಯಿಂದ, ಅದರ ಮುಚ್ಚಳದಿಂದ.

೨೦೨೪ರ ಜನವರಿಯಲ್ಲಿ ಕೊಲಂಬಿಯಾ ವಿಶ್ವವಿದ್ಯಾಲಯದವರು ಇನ್ನೂ ಸಣ್ಣ ಕಣಗಳನ್ನು ಎಣಿಸುವ ವಿಧಾನವನ್ನು ಹಿಡಿದು, ಬಾಟಲಿ ನೀರಿನ ಒಂದು ಲೀಟರಿನಲ್ಲಿ ಸರಾಸರಿ ೨ ಲಕ್ಷ ೪೦ ಸಾವಿರ ಕಣಗಳನ್ನು ಕಂಡರು. ನೂರಕ್ಕೆ ೯೦ರಷ್ಟು ನ್ಯಾನೋ ಗಾತ್ರದವು. ಆ ವಿಧಾನದ ಹೆಸರಿನಲ್ಲಿ ನಮ್ಮವರೊಬ್ಬರ ಹೆಸರಿದೆ. ೧೯೨೮ರ ಫೆಬ್ರವರಿ ೨೮ರಂದು ಕಲ್ಕತ್ತೆಯಲ್ಲಿ ಸಿ. ವಿ. ರಾಮನ್ ಕಂಡ ಬೆಳಕಿನ ಪರಿಣಾಮವೇ ಅದಕ್ಕೆ ಬುನಾದಿ. ಪದಾರ್ಥದ ಮೇಲೆ ಬಿದ್ದು ಚದುರಿದ ಬೆಳಕಿನಲ್ಲಿ ಆಯಾ ಅಣುವಿನ ಸಹಿ ಇರುತ್ತದೆ. ಈ ಕಣ ಮರಳೋ, ಪಾಲಿಥೀನೋ, ನೈಲಾನೋ ಎಂದು ಅದರಿಂದ ತಿಳಿಯಬಹುದು. ೧೯೩೩ರಲ್ಲಿ ಬೆಂಗಳೂರಿಗೆ ಬಂದು, ಇಲ್ಲಿಯೇ ೧೯೭೦ರಲ್ಲಿ ತೀರಿಕೊಂಡ ರಾಮನ್ನರು ತಮ್ಮ ಕಿರಣ ಒಂದು ದಿನ ಕುಡಿಯುವ ನೀರಿನಲ್ಲಿ ಪ್ಲಾಸ್ಟಿಕ್ಕನ್ನು ಹುಡುಕೀತೆಂದು ಊಹಿಸಿರಲಾರರು.

ಕಣಗಳು ಹೆಚ್ಚಾಗಿ ಬಿಡುಗಡೆಯಾಗುವುದು ಶಾಖದಿಂದ. ಖರಗಪುರದ ಐ.ಐ.ಟಿ.ಯವರು ೨೦೨೦ರಲ್ಲಿ ಕಾಗದದ ಲೋಟವನ್ನು ಪರೀಕ್ಷೆಗೆ ತೆಗೆದುಕೊಂಡರು. ಕಾಗದದ್ದೆಂದು ಹೆಸರೇ ಹೊರತು ಒಳಗೆ ಪ್ಲಾಸ್ಟಿಕ್ಕಿನ ತೆಳುಪೊರೆ ಇರುತ್ತದೆ. ಅದರಲ್ಲಿ ೧೦೦ ಮಿಲಿಲೀಟರ್ ಬಿಸಿನೀರು ಹದಿನೈದು ನಿಮಿಷ ನಿಂತರೆ ಸುಮಾರು ೨೫,೦೦೦ ಕಣಗಳು ನೀರಿಗೆ ಸೇರುತ್ತವೆಂದು ಅವರು ಕಂಡರು. ಅದೇ ವರ್ಷ ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನವರು ಮಕ್ಕಳ ಹಾಲಿನ ಬಾಟಲಿಗೆ ೭೦ ಡಿಗ್ರಿಯ ಬಿಸಿನೀರು ಹಾಕಿ ನೋಡಿದಾಗ, ಲೀಟರಿಗೆ ೧ ಕೋಟಿ ೬೦ ಲಕ್ಷದವರೆಗೂ ಕಣಗಳು ಬಂದವು. ಹಬೆಯಾಡುವ ಸಾಂಬಾರನ್ನು ಕವರಿನಲ್ಲಿ ಕಟ್ಟಿಸಿಕೊಂಡು ಬರುವ ನಮ್ಮ ಪಾರ್ಸೆಲ್ ಪದ್ಧತಿಯನ್ನೂ ಇಡ್ಲಿಯ ಹಾಳೆಯನ್ನೂ ಈ ಪ್ರಯೋಗಗಳ ಬೆಳಕಿನಲ್ಲಿ ಯೋಚಿಸಬೇಕು.

ಸರಿ, ಹೊಟ್ಟೆಗೆ ಹೋದದ್ದು ಏನಾಗುತ್ತದೆ? ಬಹುಪಾಲು ಹೋದ ಹಾಗೆಯೇ ಹೊರಕ್ಕೆ ಬರುತ್ತದೆ. ಆದರೆ ಎಲ್ಲವೂ ಬರುವುದಿಲ್ಲವೆಂಬುದು ಈಚಿನ ಶೋಧಗಳಿಂದ ಕಾಣುತ್ತದೆ. ೨೦೨೧ರ ಆದಿಯಲ್ಲಿ ಇಟಲಿಯ ವೈದ್ಯರು ಆರು ಮಂದಿ ತಾಯಂದಿರ ಮಾಸು ಪರೀಕ್ಷಿಸಿ ನಾಲ್ವರದರಲ್ಲಿ ಕಣಗಳನ್ನು ಕಂಡರು. ೨೦೨೨ರಲ್ಲಿ ನೆದರ್ಲೆಂಡ್ಸಿನಲ್ಲಿ ೨೨ ಮಂದಿಯ ರಕ್ತ ನೋಡಿದಾಗ ೧೭ ಮಂದಿಯಲ್ಲಿ ಪ್ಲಾಸ್ಟಿಕ್ ಸಿಕ್ಕಿತು. ೨೦೨೪ರ ಮಾರ್ಚಿಯಲ್ಲಿ ಇಟಲಿಯ ಇನ್ನೊಂದು ತಂಡ ಕುತ್ತಿಗೆಯ ರಕ್ತನಾಳದ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡ ೨೫೭ ರೋಗಿಗಳ ವರದಿಯನ್ನು ಪ್ರಕಟಿಸಿತು. ನಾಳದಿಂದ ತೆಗೆದ ಕೊಬ್ಬಿನ ಗಂಟಿನಲ್ಲಿ ೧೫೦ ಮಂದಿಗೆ ಪಾಲಿಥೀನ್ ಇತ್ತು. ಕಣಗಳಿದ್ದವರಲ್ಲಿ ಮುಂದಿನ ಮೂರು ವರ್ಷಗಳೊಳಗೆ ಹೃದಯಾಘಾತ, ಪಾರ್ಶ್ವವಾಯು ಅಥವಾ ಸಾವು ಸಂಭವಿಸುವ ಅಪಾಯ ಇಲ್ಲದವರಿಗಿಂತ ನಾಲ್ಕು ಪಟ್ಟಿಗೂ ಹೆಚ್ಚಾಗಿ ಕಂಡಿತು.

ಇದನ್ನು ಓದಿದೊಡನೆ ಎದೆ ಝಲ್ಲೆನ್ನುವುದು ಸಹಜ. ಆದರೆ ಎರಡು ಸಂಗತಿಗಳು ಒಟ್ಟಿಗೆ ಕಂಡ ಮಾತ್ರಕ್ಕೆ ಒಂದು ಇನ್ನೊಂದಕ್ಕೆ ಕಾರಣವೆಂದು ಹೇಳಲಾಗುವುದಿಲ್ಲ. ಆ ವೈದ್ಯರೇ ಹಾಗೆ ಹೇಳಿದ್ದಾರೆ. ೨೦೨೫ರಲ್ಲಿ ಮಿದುಳಿನಲ್ಲಿ ಪ್ಲಾಸ್ಟಿಕ್ ಇದೆಯೆಂಬ ವರದಿ ಬಂದಾಗ, ಮಿದುಳಿನ ಕೊಬ್ಬೇ ಉಪಕರಣಕ್ಕೆ ಪಾಲಿಥೀನಿನಂತೆ ಕಾಣಬಹುದೆಂದು ಬೇರೆ ವಿಜ್ಞಾನಿಗಳು ಆಕ್ಷೇಪಿಸಿದರು. ಮನುಷ್ಯನೊಬ್ಬ ವಾರಕ್ಕೆ ೫ ಗ್ರಾಂ, ಎಂದರೆ ಒಂದು ಬ್ಯಾಂಕ್ ಕಾರ್ಡಿನಷ್ಟು, ಪ್ಲಾಸ್ಟಿಕ್ ನುಂಗುತ್ತಾನೆಂಬ ೨೦೧೯ರ ಮಾತು ಊರೆಲ್ಲ ಹಬ್ಬಿತು. ೨೦೨೧ರಲ್ಲಿ ನೆದರ್ಲೆಂಡ್ಸಿನ ವಿದ್ವಾಂಸರು ಹಾಕಿದ ಲೆಕ್ಕದಲ್ಲಿ ಅದು ವಾರಕ್ಕೆ ಒಂದು ಗ್ರಾಮಿನ ಹತ್ತು ಲಕ್ಷದಲ್ಲಿ ನಾಲ್ಕೈದು ಪಾಲು ಮಾತ್ರ. ಎರಡು ಲೆಕ್ಕಗಳ ನಡುವೆ ಹತ್ತು ಲಕ್ಷ ಪಟ್ಟು ಅಂತರ! ಕುಡಿಯುವ ನೀರಿನ ಕಣಗಳು ಈಗಿನ ಪ್ರಮಾಣದಲ್ಲಿ ಅಪಾಯಕಾರಿಯೆಂದು ತೋರುವುದಿಲ್ಲ, ಆದರೆ ಇರುವ ಮಾಹಿತಿ ಸಾಲದು ಎಂದು ವಿಶ್ವ ಆರೋಗ್ಯ ಸಂಸ್ಥೆ ೨೦೧೯ರಲ್ಲಿ ಹೇಳಿತು. ಇದ್ದಾವೆಂಬುದು ತಿಳಿದಿದೆ, ಎಷ್ಟಿವೆಯೆಂಬುದು ವಿವಾದದಲ್ಲಿದೆ, ಏನು ಮಾಡುತ್ತವೆಂಬುದು ಇನ್ನೂ ತೀರ್ಮಾನವಾಗಿಲ್ಲ. ನಾವು ಬದುಕುತ್ತಿರುವುದು ಪತ್ತೆಗೂ ತೀರ್ಪಿಗೂ ನಡುವಣ ಕಾಲದಲ್ಲಿ.

ಇಂಥ ನಡುಗಾಲದಲ್ಲಿ ಹೇಗೆ ನಡೆದುಕೊಳ್ಳಬೇಕೆಂಬುದಕ್ಕೆ ಚರಿತ್ರೆಯಲ್ಲಿ ಪಾಠವಿದೆ. ೧೯೨೧ರಲ್ಲಿ ಅಮೆರಿಕದಲ್ಲಿ ಥಾಮಸ್ ಮಿಡ್ಗ್ಲಿ ಎಂಬ ಎಂಜಿನಿಯರನು ಪೆಟ್ರೋಲಿಗೆ ಸೀಸದ ಒಂದು ಸಂಯುಕ್ತವನ್ನು ಸೇರಿಸಿದರೆ ಎಂಜಿನ್ನು ಸದ್ದಿಲ್ಲದೆ ಓಡುತ್ತದೆಂದು ಕಂಡುಕೊಂಡನು. ೧೯೨೪ರಲ್ಲಿ ಅದನ್ನು ತಯಾರಿಸುವ ಕಾರ್ಖಾನೆಯಲ್ಲಿ ಕೆಲಸಗಾರರು ಸತ್ತರು. ೧೯೨೫ರಲ್ಲಿ ವಾಷಿಂಗ್ಟನ್ನಿನಲ್ಲಿ ಸಭೆ ಸೇರಿದಾಗ ಡಾಕ್ಟರ್ ಆಲಿಸ್ ಹ್ಯಾಮಿಲ್ಟನ್ ಎಂಬ ವೈದ್ಯೆ ಇದು ಬೇಡವೆಂದು ವಾದಿಸಿದರು. ಉದ್ಯಮದ ಕಡೆಯ ವೈದ್ಯರ ಉತ್ತರ ಒಂದೇ: ಸಾಮಾನ್ಯ ಜನರಿಗೆ ಕೇಡಾಗಿದೆಯೆಂಬುದನ್ನು ತೋರಿಸಿ, ಆಗ ನಿಲ್ಲಿಸುತ್ತೇವೆ. ತೋರಿಸುವುದರಲ್ಲಿ ಅರ್ಧ ಶತಮಾನ ಹೋಯಿತು. ಭಾರತದಲ್ಲಿ ಸೀಸದ ಪೆಟ್ರೋಲು ನಿಂತದ್ದು ೨೦೦೦ದಲ್ಲಿ. ಕೊನೆಯದಾಗಿ ಅಲ್ಜೀರಿಯಾದಲ್ಲಿ ೨೦೨೧ರಲ್ಲಿ. ಸರಿಯಾಗಿ ನೂರು ವರ್ಷ. ಆ ನೂರು ವರ್ಷಗಳಲ್ಲಿ ಹುಟ್ಟಿ ಬೆಳೆದ ಮಕ್ಕಳ ಮಿದುಳಿಗೆ ಆದ ನಷ್ಟವನ್ನು ತುಂಬಿಕೊಡುವವರು ಯಾರೂ ಇಲ್ಲ.

ಸೀಸಕ್ಕೂ ಪ್ಲಾಸ್ಟಿಕ್ಕಿಗೂ ವ್ಯತ್ಯಾಸವಿದೆ. ಸೀಸ ವಿಷವೆಂಬುದು ಪ್ರಾಚೀನರಿಗೇ ಗೊತ್ತಿತ್ತು. ಪ್ಲಾಸ್ಟಿಕ್ ಕಣ ವಿಷವೆಂದು ಇನ್ನೂ ಸಾಧಿತವಾಗಿಲ್ಲ, ನಾಳೆ ನಿರುಪದ್ರವ ಎಂದೂ ತಿಳಿಯಬಹುದು. ಪಾಠವಿರುವುದು ವಿಷದಲ್ಲಿ ಅಲ್ಲ, ಪ್ರಶ್ನೆ ಕೇಳುವ ಕ್ರಮದಲ್ಲಿ. ಕೇಡನ್ನು ಸಾಧಿಸುವ ಹೊಣೆ ಉಣ್ಣುವವನದೋ, ಕ್ಷೇಮವನ್ನು ಸಾಧಿಸುವ ಹೊಣೆ ಮಾರುವವನದೋ? ಸೀಸದ ವಿಷಯದಲ್ಲಿ ಹೊಣೆಯನ್ನು ಉಣ್ಣುವವನ ಮೇಲೆ ಹಾಕಲಾಯಿತು. ಪ್ಲಾಸ್ಟಿಕ್ಕಿನಲ್ಲಿಯಂತೂ ಒಂದು ಹೆಚ್ಚಿನ ತೊಡಕಿದೆ: ನಾಳೆ ತಯಾರಿಕೆ ನಿಲ್ಲಿಸಿದರೂ, ಈಗಾಗಲೇ ಎಸೆದಿರುವುದು ಚೂರಾಗುತ್ತಲೇ ಇರುತ್ತದೆ. ತಡಮಾಡಿದಷ್ಟೂ ಸಾಲ ಮೊಮ್ಮಕ್ಕಳ ಹೆಸರಿಗೆ ಬರೆಯಲ್ಪಡುತ್ತದೆ.

ಸರ್ಕಾರಗಳು ಸುಮ್ಮನೆ ಕುಳಿತಿಲ್ಲ. ಕರ್ನಾಟಕ ೨೦೧೬ರಲ್ಲಿಯೇ ಪ್ಲಾಸ್ಟಿಕ್ ಚೀಲ, ತಟ್ಟೆ, ಲೋಟಗಳನ್ನು ನಿಷೇಧಿಸಿತು. ಇಡೀ ಭಾರತದಲ್ಲಿ ಒಮ್ಮೆ ಬಳಸಿ ಎಸೆಯುವ ಹಲವು ವಸ್ತುಗಳಿಗೆ ೨೦೨೨ರ ಜುಲೈ ೧ರಿಂದ ನಿಷೇಧವಿದೆ. ಆದರೂ ಕವರು ಸಂತೆಯಲ್ಲಿ ಸಿಕ್ಕುತ್ತದೆಂಬುದನ್ನು ವಾಚಕರಿಗೆ ನಾನು ಹೇಳಬೇಕಾಗಿಲ್ಲ. ಪ್ಲಾಸ್ಟಿಕ್ಕಿನ ತಯಾರಿಕೆಯನ್ನೇ ಮಿತಗೊಳಿಸುವ ಜಾಗತಿಕ ಒಪ್ಪಂದಕ್ಕಾಗಿ ೨೦೨೫ರ ಆಗಸ್ಟಿನಲ್ಲಿ ಜಿನೀವಾದಲ್ಲಿ ಸೇರಿದ ದೇಶಗಳು ಒಮ್ಮತಕ್ಕೆ ಬಾರದೆ ಎದ್ದುಹೋದವು.

ಹಾಗೆಂದು ಮನೆಯಲ್ಲಿ ಕುಳಿತವರಿಗೆ ಏನೂ ಸಾಧ್ಯವಿಲ್ಲವೆಂದಲ್ಲ. ಕಣಗಳು ಉದುರುವುದು ಮುಖ್ಯವಾಗಿ ಬಿಸಿಯಿಂದಲೆಂದು ತಿಳಿದ ಮೇಲೆ, ಬಿಸಿಯಾದದ್ದನ್ನು ಪ್ಲಾಸ್ಟಿಕ್ಕಿನಿಂದ ದೂರವಿಡಬಹುದು. ಸಾಂಬಾರಿಗೆ ಸ್ಟೀಲಿನ ಡಬ್ಬಿ ಒಯ್ಯುವುದು ನಮ್ಮ ಹಿರಿಯರಿಗೆ ಅವಮಾನವಾಗಿರಲಿಲ್ಲ. ಚೀನಾದ ಗುವಾಂಗ್ಜೌ ನಗರದ ಸಂಶೋಧಕರು ೨೦೨೪ರಲ್ಲಿ ಇನ್ನೊಂದು ಸೊಗಸಾದ ಸಂಗತಿಯನ್ನು ಕಂಡರು. ಗಡಸು ನೀರನ್ನು ಐದು ನಿಮಿಷ ಕುದಿಸಿದರೆ ಅದರಲ್ಲಿರುವ ಸುಣ್ಣ ಬಿಳಿಯ ಪುಡಿಯಾಗಿ ಇಳಿಯುವಾಗ ಕಣಗಳನ್ನೂ ತನ್ನೊಳಗೆ ಸೆರೆಹಿಡಿಯುತ್ತದೆ. ಸೋಸಿಬಿಟ್ಟರೆ ನೂರಕ್ಕೆ ೯೦ರವರೆಗೂ ಹೋಗುತ್ತವೆ. ಮೆದುನೀರಿನಲ್ಲಿ ಮಾತ್ರ ಕಾಲು ಪಾಲಿನಷ್ಟೇ. ಬೆಂಗಳೂರಿನ ಕೊಳವೆಬಾವಿಯ ಗಡಸು ನೀರಿನಿಂದ ಪಾತ್ರೆಯಲ್ಲಿ ಕಟ್ಟುವ ಬಿಳಿ ಪದರವನ್ನು ಬೈಯುತ್ತಿದ್ದ ಗೃಹಿಣಿಯರಿಗೆ ಇದೊಂದು ಸಮಾಧಾನ.

ಆದರೆ ಒಂದು ಮಾತನ್ನು ಹೇಳದಿದ್ದರೆ ಈ ಲೇಖನ ಅಪೂರ್ಣವಾಗುತ್ತದೆ. 'ಎಸೆದರಾಯಿತು' ಎಂಬ ಮಾತಿಗೆ ಅಷ್ಟು ಬೆಲೆ ಬಂದದ್ದು ತೊಳೆಯುವ ಕೆಲಸವನ್ನು ಎಲ್ಲ ಕಾಲದಲ್ಲಿಯೂ ಒಬ್ಬರೇ ಮಾಡಬೇಕಾಗಿದ್ದುದರಿಂದ. ಮನೆಯಲ್ಲಿ ಹೆಂಗಸು, ಹೋಟೆಲಿನಲ್ಲಿ ಕಡಮೆ ಸಂಬಳದ ಹುಡುಗ. ಪಾತ್ರೆಯನ್ನು, ಬಟ್ಟೆಯನ್ನು ಮರಳಿ ತರಬೇಕೆಂದು ಉಪದೇಶ ಮಾಡುವ ಗಂಡಸರು ತೊಳೆಯುವುದಕ್ಕೂ ಕೈಜೋಡಿಸಬೇಕು. ಹೋಟೆಲಿನವರು ತೊಳೆಯುವವನ ಕೂಲಿಯನ್ನು ಇಡ್ಲಿಯ ಬೆಲೆಯಲ್ಲಿ ಸೇರಿಸಬೇಕು. ನಾವು ಆ ಬೆಲೆಯನ್ನು ಗೊಣಗದೆ ಕೊಡಬೇಕು. ಇಲ್ಲದಿದ್ದರೆ ನಿಷೇಧ ಎಷ್ಟು ಸಲ ಬಂದರೂ ಹಾಳೆ ಮತ್ತೆ ಬರುತ್ತದೆ.

ಬಹುಕಾಲ ಬಾಳಬೇಕಾದ ಕೆಲಸಕ್ಕೆ ಬಹುಕಾಲ ಬಾಳುವ ವಸ್ತು, ಒಂದು ಹೊತ್ತಿನ ಕೆಲಸಕ್ಕೆ ಒಂದು ಹೊತ್ತಿನಲ್ಲಿ ಮಣ್ಣಾಗುವ ವಸ್ತು: ಅರಗನ್ನೂ ಎಲೆಯನ್ನೂ ಒಂದೇ ಮರದಿಂದ ಪಡೆದವರಿಗೆ ಈ ವಿವೇಕ ಹೊಸದಾಗಿ ಕಲಿಯಬೇಕಾದದ್ದಲ್ಲ. ವಿಜ್ಞಾನದ ತೀರ್ಪು ಬರುವಷ್ಟರಲ್ಲಿ ಅದನ್ನು ನೆನಪಿಗೆ ತಂದುಕೊಂಡರೆ, ತೀರ್ಪು ಯಾವ ಕಡೆಗೆ ಬಂದರೂ ನಮಗೆ ನಷ್ಟವಿಲ್ಲ.